ಮನಗಿದ್ದು, ಎಬ್ಸಡ

ಡೇರೆ ಗಡ್ಡೆಯನ್ನು ಬೋರಲು ಇಡಬೇಕು ಎನ್ನುವುದು ನನಗೆ ಏಳನೇ ವರ್ಷಕ್ಕೇ ಗೊತ್ತಿತ್ತು. ಯಾಕೆ ಬೋರಲು ಎನ್ನುವುದು ಗೊತ್ತಾಗುವಾಗ ಐವತ್ತೇಳಾಗಿತ್ತು. ಅದೂ ಎಲ್ಲಿ, ಕೆನಡಾದ ಒಟ್ಟಾವಾದಲ್ಲಿ, ಮಗಳ ಮನೆಯ ಗ್ಯಾರೇಜಿನ ನೆಲ ಒರೆಸುತ್ತ ಕೂತಾಗ.

ನನ್ನ ತವರು ಶಿರಸಿ ಸೀಮೆಯ ಒಂದು ಹಳ್ಳಿ. ನಮ್ಮ ಕಡೆ ಡಾಲಿಯಾ ಎಂದರೆ ಯಾರೂ ತಲೆಯೆತ್ತಿ ನೋಡುವುದಿಲ್ಲ, ಡೇರೆ ಎನ್ನಬೇಕು. ಮಳೆ ಹಿಡಿದುಕೊಂಡ ಮೇಲೆ ಗಂಡಸರಿಗೆ ಅಡಿಕೆಯ ಕೊಳೆರೋಗದ ಚಿಂತೆಯಾದರೆ ಹೆಂಗಸರಿಗೆ ಡೇರೆಯ ಚಿಂತೆ. ಅಂಗಳದ ಅಂಚಿಗೆ, ಮಾಡಿನ ನೀರು ನೇರ ಬೀಳದ ಹಾಗೆ ನೋಡಿಕೊಂಡು ಸಾಲಾಗಿ ನೆಟ್ಟು, ಒಂದೊಂದಕ್ಕೂ ಊರುಗೋಲು ಕೊಟ್ಟು, ಚೌತಿಯ ಹೊತ್ತಿಗೆ ಬೋಗುಣಿಯಷ್ಟು ದೊಡ್ಡ ಹೂ ಬಿಡಿಸಿದರೆ ಆ ವರ್ಷ ಸಾರ್ಥಕ. ಯಾರ ಮನೆಗೆ ಎಷ್ಟು ಕ್ವಿಂಟಲ್ ಅಡಿಕೆ ಆಯಿತು ಎನ್ನುವುದಕ್ಕಿಂತ ಬೇಗ ಯಾರ ಮನೆಯಲ್ಲಿ ಹೊಸ ಬಣ್ಣದ ಡೇರೆ ಅರಳಿತು ಎನ್ನುವ ಸುದ್ದಿ ಊರು ಸುತ್ತುತ್ತಿತ್ತು. ಗಡ್ಡೆ ಕೇಳುವುದು, ಕೊಡುವುದು, ಬದಲಿಗೆ ಇನ್ನೊಂದು ಪಡೆಯುವುದು ಇವೆಲ್ಲ ಮದುವೆ ಮನೆ, ಪೂಜೆ ಮನೆಗಳ ಹಿತ್ತಿಲಲ್ಲೇ ನಡೆಯುವ ವ್ಯವಹಾರ.

ಅದರಲ್ಲೂ ಒಂದು ಒಳಗುಟ್ಟಿತ್ತು. ಡೇರೆ ಗಡ್ಡೆ ಬಟಾಟೆಯ ಹಾಗಲ್ಲ. ಬಟಾಟೆಗೆ ಮೈತುಂಬ ಕಣ್ಣು, ಎಲ್ಲಿ ಕತ್ತರಿಸಿ ನೆಟ್ಟರೂ ಚಿಗುರೀತು. ಡೇರೆಯದ್ದು ಗೆಣಸಿನಂಥ ಬೆರಳುಗಳ ಗೊಂಚಲು. ಕಣ್ಣು ಇರುವುದು ಬೆರಳಿನಲ್ಲಲ್ಲ, ಹಳೆಯ ಕಾಂಡದ ಬುಡಕ್ಕೆ ಬೆರಳು ಅಂಟಿಕೊಂಡಿರುವ ಕುತ್ತಿಗೆಯ ಹತ್ತಿರ. ಆ ಬುಡದ ಒಂದು ಚೂರು ಸೇರಿಸಿ ಕೊಯ್ದುಕೊಡದಿದ್ದರೆ ಗಡ್ಡೆ ಎಷ್ಟೇ ದಪ್ಪಗಿರಲಿ, ಜನ್ಮದಲ್ಲಿ ಚಿಗುರುವುದಿಲ್ಲ. ಕೊಡುವ ಮನಸ್ಸಿಲ್ಲದವರು, ಇಲ್ಲವೆನ್ನಲೂ ಆಗದವರು ಮಾಡುತ್ತಿದ್ದುದು ಇದನ್ನೇ. ಎಲ್ಲಕ್ಕಿಂತ ದಪ್ಪದ, ಕಣ್ಣಿಲ್ಲದ ಬೆರಳೊಂದನ್ನು ಬಾಳೆ ಎಲೆಯಲ್ಲಿ ಸುತ್ತಿ ನಗುನಗುತ್ತ ಕೊಡುತ್ತಿದ್ದರು. ತಗೊಂಡು ಹೋದವಳು ಮೂರು ತಿಂಗಳು ಕಾದು, 'ನನ್ನ ಕೈಗುಣವೇ ಸರಿ ಇಲ್ಲ' ಎಂದುಕೊಳ್ಳಬೇಕು.

ನಮ್ಮ ಆಯಿ, ಎಂದರೆ ಅಮ್ಮ, ಹಾಗೆ ಮಾಡಿದವಳಲ್ಲ. ದೀಪಾವಳಿ ಕಳೆದು ಗಿಡ ತಾನಾಗಿ ಸೊರಗಿ, ಎಲೆ ಒಣಗಿ, ಕಾಂಡ ಕಂದುಬಣ್ಣಕ್ಕೆ ತಿರುಗುವವರೆಗೆ ಅವಳು ಕೈ ಹಚ್ಚುತ್ತಿರಲಿಲ್ಲ. ಆಮೇಲೆ ಗೇಣುದ್ದ ಕಾಂಡ ಬಿಟ್ಟು ಕತ್ತರಿಸಿ, ಸುತ್ತಲಿಂದ ಮಣ್ಣು ಸಡಿಲಿಸಿ, ಗೊಂಚಲನ್ನು ಇಡಿಯಾಗಿ ಎತ್ತುವುದು. ಜಗಲಿಯ ಕೆಳಗೆ ನೆರಳಿನಲ್ಲಿ, ಕಾಂಡ ಕೆಳಗೆ, ಗಡ್ಡೆ ಮೇಲೆ ಬರುವಂತೆ ಕವುಚಿ ಒಂದು ವಾರ ಇಡುವುದು. ನಂತರ ಬಿದಿರಿನ ಬುಟ್ಟಿಗೆ ಒಣ ಮಣ್ಣು, ಬೂದಿ ಹಾಕಿ ಅದರಲ್ಲಿ ಹುಗಿದು ಅಟ್ಟದ ತಂಪು ಮೂಲೆಗೆ. ಒಲೆಯ ಬಿಸಿ ತಾಗುವ ಕಡೆ ಬೇಡ. ಅಲ್ಲಿಗೆ ಮುಗಿಯಿತು, ಮೇ ತಿಂಗಳ ಅಡ್ಡಮಳೆ ಬಿದ್ದು ಮಣ್ಣಿನ ವಾಸನೆ ಏಳುವವರೆಗೆ ಆ ಬುಟ್ಟಿಯ ಹೆಸರೆತ್ತುವಂತಿಲ್ಲ. ಒಮ್ಮೆ ನಾನು ಅಟ್ಟ ಹತ್ತಿ, ಕುತೂಹಲ ತಡೆಯದೆ ಒಂದು ಗಡ್ಡೆಯನ್ನು ಹೊರಗೆ ತೆಗೆದು ಉಗುರಿನಿಂದ ಕೆರೆದು ನೋಡಿದ್ದೆ. ಸುಕ್ಕುಗಟ್ಟಿದ, ಮಣ್ಣುಬಣ್ಣದ, ಯಾವ ಕಳೆಯೂ ಇಲ್ಲದ ವಸ್ತು. ಇದು ಸತ್ತೇ ಹೋಗಿದೆ ಎಂದು ಕೂಗಿದೆ. ಆಯಿ ಕೆಳಗಿನಿಂದಲೇ ಹೇಳಿದಳು: "ಅದು ಸತ್ತಿದ್ದಿಲ್ಲೆ ಕೂಸೆ, ಮನಗಿದ್ದು. ಎಬ್ಸಡ." ಸತ್ತಿಲ್ಲ, ಮಲಗಿದೆ, ಎಬ್ಬಿಸಬೇಡ.

1986ರಲ್ಲಿ ಮದುವೆಯಾಗಿ ಮುಂಬೈ ಹತ್ತಿರದ ಡೊಂಬಿವಲಿಗೆ ಬಂದೆ. ತಿಲಕನಗರದ ಕಡೆ ಚಾಳಿನಲ್ಲಿ ನೆಲಮಟ್ಟದ ಎರಡು ಖೋಲಿ, ಮುಂದೆ ನಾಲ್ಕು ಕುಂಡ ಇಡುವಷ್ಟು ಜಾಗ. ನಮ್ಮನೆಯವರು ಬೆಳಿಗ್ಗೆ ಲೋಕಲ್ ಹಿಡಿದರೆ ರಾತ್ರಿಗೇ ವಾಪಸು. ಅಕ್ಕಪಕ್ಕದ ಮರಾಠಿ ಮಕ್ಕಳು ಅಮ್ಮನನ್ನು ಆಯಿ ಎಂದು ಕೂಗುವುದು ಕೇಳಿ ಮೊದಮೊದಲು ಬೆಚ್ಚಿಬೀಳುತ್ತಿದ್ದೆ, ಊರಿನಿಂದ ಯಾರೋ ಬಂದರೆಂದು. ಮೊದಲ ಬೇಸಿಗೆಗೆ ತವರಿಗೆ ಹೋದವಳು ಬರುವಾಗ ಹೋಳಿಗೆಯ ಡಬ್ಬಿಯ ಜೊತೆ ಇನ್ನೊಂದು ಡಬ್ಬಿಯಲ್ಲಿ ಡೇರೆ ಗಡ್ಡೆ ತಂದೆ. ಆಯಿಯೇ ಆರಿಸಿ, ಕಣ್ಣು ನೋಡಿ, ಕೊಯ್ದು ಕೊಟ್ಟದ್ದು.

ಜೂನ್ ಮೊದಲ ಮಳೆಗೆ ನೆಟ್ಟೆ. ಚಿಗುರಿದವು. ಜುಲೈ ಎರಡನೇ ವಾರಕ್ಕೆ ಕಾಂಡ ಬುಡದಲ್ಲಿ ನೀರುನೀರಾಗಿ ಬಿದ್ದುಹೋಯಿತು. ಕುಂಡ ಅಗೆದರೆ ಗಡ್ಡೆಯಿದ್ದ ಜಾಗದಲ್ಲಿ ಕೆಟ್ಟ ವಾಸನೆಯ ಅಂಬಲಿ.

ಮರುವರ್ಷವೂ ಹಾಗೇ. ಅದರ ಮರುವರ್ಷ ಮರಳು ಬೆರೆಸಿದೆ, ಹಾಗೇ. ಒಂದು ವರ್ಷ ಎರಡು ಗಿಡ ಹೇಗೋ ಬದುಕಿ ಸಪ್ಟೆಂಬರಿನಲ್ಲಿ ರೂಪಾಯಿಯಗಲದ ಹೂ ಬಿಟ್ಟವು. ಅದನ್ನು ಡೇರೆ ಎಂದು ಆಯಿಗೆ ಹೇಳಲು ನಾಚಿಕೆಯಾಯಿತು. ಡೊಂಬಿವಲಿಯ ನೀರು ಸರಿಯಿಲ್ಲ ಎಂದೆ, ಎಂಐಡಿಸಿ ಕಾರ್ಖಾನೆಗಳ ಕಡೆಯಿಂದ ಬರುವ ಗಾಳಿ ಸರಿಯಿಲ್ಲ ಎಂದೆ. ಆ ಗಾಳಿಯ ಮೇಲೆ ಡೊಂಬಿವಲಿಯವರು ಹೊರಿಸದ ಅಪವಾದವಿಲ್ಲ, ನನ್ನದೂ ಒಂದು ಸೇರಿತು. ಆದರೂ ಬಿಡಲಿಲ್ಲ. 1998ರಲ್ಲಿ ಕೊಂಕಣ ರೈಲು ಪೂರ್ತಿಯಾಗಿ ಶುರುವಾದ ಮೇಲಂತೂ ಸುಲಭವಾಯಿತು. ಕುಮಟಾದಲ್ಲಿ ಇಳಿದು ಘಟ್ಟ ಹತ್ತಿದರೆ ಶಿರಸಿ, ಬರುವಾಗ ಚೀಲದ ತುಂಬ ಗಡ್ಡೆ. ಹೀಗೆ ಹೆಚ್ಚುಕಡಿಮೆ ಇಪ್ಪತ್ತು ವರ್ಷ ನಾನು ಶಿರಸಿಯ ಗಡ್ಡೆಯನ್ನು ತಂದು ತಂದು ಡೊಂಬಿವಲಿಯಲ್ಲಿ ಕೊಳೆಸಿದ್ದೇನೆ. 2005ರ ಜುಲೈ 26ರ ಮಳೆ ಚಾಳಿನೊಳಗೆ ಮೊಣಕಾಲುದ್ದ ನೀರು ತಂದಾಗ ಕುಂಡಗಳೂ ತೇಲಿಹೋದವು. ಆ ದಿನ ಜನ ಕಳೆದುಕೊಂಡದ್ದರ ಮುಂದೆ ಕುಂಡ ಯಾವ ಲೆಕ್ಕ. ಮರುವರ್ಷ ಮಾನಪಾಡಾ ರಸ್ತೆಯ ಕಡೆ ಮೂರನೇ ಮಹಡಿಯ ಫ್ಲ್ಯಾಟಿಗೆ ಬಂದೆವು. ಡೇರೆಯ ಆಸೆ ಬಿಟ್ಟೆ. ಬಾಲ್ಕನಿಯಲ್ಲಿ ಉಳಿದದ್ದು ತುಳಸಿ, ದಾಸವಾಳ, ಮತ್ತು ಬಣ್ಣದ ಹಳೇ ಡಬ್ಬಿಯೊಂದರಲ್ಲಿ ಮಳೆ ಲಿಲ್ಲಿ. ಅದಕ್ಕೆ ನಾನು ಏನೂ ಮಾಡಿದವಳಲ್ಲ. ಬೇಸಿಗೆಯಿಡೀ ಒಣಗಿ ಬಿದ್ದಿದ್ದು, ಮೊದಲ ಮಳೆಯಾದ ಕೆಲವೇ ದಿನಕ್ಕೆ ಗುಲಾಬಿ ಹೂ ಬಿಡುತ್ತಿತ್ತು. ಅದು ಕಣ್ಣೆದುರಿಗೇ ಪಾಠ ಹೇಳುತ್ತಿದ್ದರೂ ನನಗೆ ಕೇಳಿಸಲಿಲ್ಲ.

2018ರ ಸಪ್ಟೆಂಬರ್ ಕೊನೆಗೆ ಒಟ್ಟಾವಾಕ್ಕೆ ಹೋದೆವು. ಮಗಳ ಮನೆಯ ಹಿಂದೆ ನಮ್ಮ ಫ್ಲ್ಯಾಟಿನಷ್ಟೇ ಅಗಲದ ಹಿತ್ತಿಲು. ಅಲ್ಲಿ, ಬೇಲಿಯ ಪಕ್ಕ, ಎದೆಯೆತ್ತರದ ಡೇರೆ ಸಾಲು. ಕಣ್ಣು ತುಂಬಿ ಬಂತು. ಇವಳಿಗೆ ಯಾರು ಹೇಳಿಕೊಟ್ಟರು ಎಂದರೆ, ಪಕ್ಕದ ಮನೆಯ ಅಜ್ಜಿ ಗಡ್ಡೆ ಕೊಟ್ಟರಂತೆ. ಕಣ್ಣಿದ್ದ ಗಡ್ಡೆ.

ಅಕ್ಟೋಬರ್ ಆರಂಭದ ಒಂದು ಬೆಳಿಗ್ಗೆ ಎದ್ದು ನೋಡಿದರೆ ಹುಲ್ಲಿನ ಮೇಲೆಲ್ಲ ಬಿಳಿ ಉಪ್ಪು ಚೆಲ್ಲಿದಂತಿತ್ತು, ಡೇರೆಯ ಎಲೆಗಳು ಬಿಸಿನೀರು ಎರಚಿದಂತೆ ಕರ‍್ರಗಾಗಿ ಜೋತುಬಿದ್ದಿದ್ದವು. ನಾನು ಹೌಹಾರಿದರೆ ಮಗಳು, "ಇದಕ್ಕೇ ಕಾಯ್ತಾ ಇದ್ದೆ ಆಯಿ" ಎಂದಳು. ಒಂದು ವಾರ ಬಿಟ್ಟು ಶನಿವಾರ ಹಿತ್ತಿಲಿಗಿಳಿದೆವು. ಆ ದಿನ ಒಂದೇ ಹಿತ್ತಿಲಿನಲ್ಲಿ ಎರಡು ಕೆಲಸ ನಡೆದವು, ಒಂದಕ್ಕೊಂದು ತದ್ವಿರುದ್ಧ. ಒಂದು ಕಡೆ ಅಳಿಯ ಟ್ಯುಲಿಪ್ ಗಡ್ಡೆಗಳನ್ನು ನೆಲಕ್ಕೆ ಹಾಕುತ್ತಿದ್ದ. ಇನ್ನೊಂದು ಕಡೆ ನಾನೂ ಮಗಳೂ ಡೇರೆ ಗಡ್ಡೆಗಳನ್ನು ನೆಲದಿಂದ ತೆಗೆಯುತ್ತಿದ್ದೆವು. ಟ್ಯುಲಿಪ್‌ಗೆ ಚಳಿ ಬೇಕೇ ಬೇಕು. ಮೂರು ಮೂರೂವರೆ ತಿಂಗಳು ಒಂಬತ್ತು ಡಿಗ್ರಿಗಿಂತ ಕೆಳಗಿನ ತಂಪು ಸಿಗದಿದ್ದರೆ ಅದರ ದಂಟು ಏಳುವುದೇ ಇಲ್ಲ. ಡೇರೆ ಹೆಪ್ಪುಗಟ್ಟಿತೋ, ಮುಗಿಯಿತು. ಎರಡನ್ನೂ ನಾವು ಗಡ್ಡೆ ಎಂದೇ ಕರೆಯುತ್ತೇವೆ. ಆದರೆ ಟ್ಯುಲಿಪ್ ಈರುಳ್ಳಿಯ ಜಾತಿಯ ರಚನೆ, ಪದರದ ಮೇಲೆ ಪದರ. ಡೇರೆ ಗೆಣಸಿನ ರೀತಿ, ದಪ್ಪಗಾದ ಬೇರು.

ಕಾಂಡ ಕತ್ತರಿಸಿ, ಗೊಂಚಲು ಎತ್ತಿ, ಮಣ್ಣು ಕೊಡವಿ ಗ್ಯಾರೇಜಿಗೆ ತಂದಿಟ್ಟೆವು. ಮಗಳು ಒಂದೊಂದನ್ನೇ ಹಿಡಿದು ತಲೆಕೆಳಗು ಮಾಡಿದಳು. ಕತ್ತರಿಸಿದ ಕಾಂಡದಿಂದ ಸುರ್ ಎಂದು ಕಾಲು ಲೋಟ ಕಂದು ನೀರು ಸಿಮೆಂಟಿನ ಮೇಲೆ ಬಿತ್ತು. ಡೇರೆಯ ಕಾಂಡ ಒಳಗೆ ಪೊಳ್ಳು, ಪಪ್ಪಾಯಿ ಎಲೆಯ ದಂಟಿನ ಹಾಗೆ. ಕತ್ತರಿಸಿದ ಮೇಲೆ ಮಳೆ ಇಬ್ಬನಿಯ ನೀರೆಲ್ಲ ಆ ಕೊಳವೆಯೊಳಗೆ ಇಳಿದು ನಿಲ್ಲುತ್ತದೆ. ಎಲ್ಲಿ ನಿಲ್ಲುತ್ತದೆ? ಸರಿಯಾಗಿ ಕಣ್ಣುಗಳಿರುವ ಬುಡದಲ್ಲಿ. ನೆಟ್ಟಗೆ ಇಟ್ಟರೆ ಗಡ್ಡೆ ಒಣಗಿದ್ದರೂ ಕಣ್ಣು ಕೊಳೆತಿರುತ್ತದೆ. ನಾನು ಬಟ್ಟೆ ತಗೊಂಡು ನೆಲ ಒರೆಸುತ್ತ ಕೂತವಳು ಅಲ್ಲೇ ಕೂತೆ. ಜಗಲಿಯ ಕೆಳಗೆ ಸಾಲಾಗಿ ಕವುಚಿಟ್ಟ ಗೊಂಚಲುಗಳು ಕಣ್ಣಿಗೆ ಬಂದವು. ಆಯಿಗೆ ಕಾರಣ ಗೊತ್ತಿತ್ತೋ ಇಲ್ಲವೋ, ಕೇಳಲು ಅವಳಿರಲಿಲ್ಲ.

ಒಂದು ದಿನ ಆರಿಸಿ, ಪೇಪರಿನ ಹಾಳೆ ಹಾಸಿದ ರಟ್ಟಿನ ಪೆಟ್ಟಿಗೆಯಲ್ಲಿ ಒಣ ಪೀಟ್ ಪುಡಿಯ ನಡುವೆ ಹುಗಿದು ನೆಲಮಾಳಿಗೆಗೆ ಇಳಿಸಿದೆವು. ಅಲ್ಲಿ ಒಂದು ಮೂಲೆ ನಾಲ್ಕರಿಂದ ಹತ್ತು ಡಿಗ್ರಿಯ ಒಳಗೆ ಇರುತ್ತದೆ. ತಿಂಗಳಿಗೊಮ್ಮೆ ಮಾತ್ರ ತೆರೆದು ನೋಡುವುದು. ತೀರ ಸುಕ್ಕಾಗಿದ್ದರೆ ನಾಲ್ಕು ಹನಿ ನೀರು ಚಿಮುಕಿಸುವುದು, ಮೆತ್ತಗಾಗಿದ್ದರೆ ಆ ಬೆರಳನ್ನು ಕೊಯ್ದು ಬಿಸಾಡುವುದು. ಒಂದು ಪೆಟ್ಟಿಗೆ ಗ್ಯಾರೇಜಿನಲ್ಲೇ ಮರೆತುಹೋಯಿತು. ಜನವರಿಯಲ್ಲಿ ಕಂಡಾಗ ಗಡ್ಡೆ ಕಲ್ಲಾಗಿತ್ತು. ಒಳಗೆ ತಂದಿಟ್ಟು ಒಂದು ತಾಸಿಗೆ ಕೊಳೆತ ಬಾಳೆಹಣ್ಣಾಯಿತು. ಅದೇ ಹೊತ್ತಿಗೆ ಹಿತ್ತಿಲಿನಲ್ಲಿ ಟ್ಯುಲಿಪ್‌ಗಳು ಗೇಣಾಳದ ಮಣ್ಣಿನಲ್ಲಿ ಆರಾಮವಾಗಿದ್ದವು. ಗಾಳಿ ಸೊನ್ನೆಗಿಂತ ಇಪ್ಪತ್ತೈದು ಡಿಗ್ರಿ ಕೆಳಗಿಳಿದರೂ ಎರಡಡಿ ಹಿಮದ ಕೆಳಗಿನ ಮಣ್ಣಿಗೆ ಅಷ್ಟು ಚಳಿ ತಾಗುವುದಿಲ್ಲವಂತೆ. ಹಿಮವಿಲ್ಲದ ಬರೀ ಚಳಿ, ಇಲ್ಲವೇ ನಡುವೆ ಕರಗಿ ಮತ್ತೆ ಹೆಪ್ಪುಗಟ್ಟುವ ವಾರಗಳು, ಇವೇ ಅಪಾಯ. ಅದಕ್ಕೇ ನೆಲ ಗಟ್ಟಿಯಾದ ಮೇಲೆ ಒಣ ಎಲೆ ಹೊದಿಸುತ್ತಾರೆ. ಚಳಿ ತಡೆಯುವುದಕ್ಕಲ್ಲ, ಚಳಿ ಏರುಪೇರಾಗದಿರಲಿ ಎಂದು. ಅಳಿಲು ಕೀಳದಂತೆ ಮೇಲೆ ಕೋಳಿಗೂಡಿನ ಜಾಳಿಗೆ ಬೇರೆ. ಡ್ಯಾಫೊಡಿಲ್ ಗಡ್ಡೆ ವಿಷ, ಅದರ ತಂಟೆಗೆ ಅಳಿಲು ಹೋಗುವುದಿಲ್ಲ. ಟ್ಯುಲಿಪ್ ಎಂದರೆ ಮಾತ್ರ ಜೀವ. ಊರಲ್ಲಿ ಮುಳ್ಳುಹಂದಿಯ ಕಾಟ ಕಂಡ ನನಗೆ ಇದು ಹೊಸದಲ್ಲ.

ಟ್ಯುಲಿಪ್‌ಗೂ ಒಟ್ಟಾವಾಕ್ಕೂ ಇರುವ ನಂಟನ್ನು ಅಳಿಯ ಡೌಸ್ ಲೇಕ್ ದಂಡೆಯಲ್ಲಿ ನಡೆಸುತ್ತ ಹೇಳಿದ. ಎರಡನೇ ಮಹಾಯುದ್ಧದಲ್ಲಿ ಹಾಲೆಂಡಿನ ರಾಜಕುಮಾರಿ ಜೂಲಿಯಾನಾ ಮಕ್ಕಳೊಡನೆ ಈ ಊರಿನಲ್ಲಿ ಆಶ್ರಯ ಪಡೆದಿದ್ದರು. 1943ರ ಜನವರಿಯಲ್ಲಿ ಮಗಳು ಮಾರ್ಗ್ರೀಟ್ ಹುಟ್ಟಿದ್ದು ಇಲ್ಲಿಯ ಆಸ್ಪತ್ರೆಯಲ್ಲಿ. ಆ ಉಪಕಾರಕ್ಕೆ 1945ರಲ್ಲಿ ಬಂದ ಉಡುಗೊರೆ ಒಂದು ಲಕ್ಷ ಟ್ಯುಲಿಪ್ ಗಡ್ಡೆ. ಇಂದಿಗೂ ವರ್ಷವರ್ಷ ಅಲ್ಲಿಂದ ಗಡ್ಡೆ ಬರುತ್ತವೆ, ಮೇ ತಿಂಗಳಲ್ಲಿ ಊರಿಗೆ ಊರೇ ಹಬ್ಬ ಮಾಡುತ್ತದೆ. ಯುದ್ಧದ ಕಡೆಯ ಚಳಿಗಾಲ, 1944-45ರಲ್ಲಿ, ಊಟಕ್ಕಿಲ್ಲದೆ ಹಾಲೆಂಡಿನ ಜನ ಅದೇ ಗಡ್ಡೆಯನ್ನು ಬೇಯಿಸಿ ತಿಂದಿದ್ದರು ಎನ್ನುವುದನ್ನು ಕೇಳಿದ ಮೇಲೆ ಆ ಉಡುಗೊರೆಯ ತೂಕ ಬೇರೆಯೇ ಆಯಿತು. ನಾನೂ ಹದಿನೈದು ಗಡ್ಡೆ ನೆಟ್ಟೆ, ಚೂಪು ತುದಿ ಮೇಲೆ. ಅರಳುವ ಹೊತ್ತಿಗೆ ನಾವು ವಾಪಸು ಬಂದಾಗಿತ್ತು. ಫೋನಿನಲ್ಲಿ ನೋಡಿದೆ.

ಡೊಂಬಿವಲಿಗೆ ಮರಳಿದ್ದು ಫೆಬ್ರವರಿಯಲ್ಲಿ. ಕಲ್ಯಾಣ-ಶಿಳ್ ರಸ್ತೆಯ ಬದಿಯ ನರ್ಸರಿಯೊಂದಕ್ಕೆ ಮಣ್ಣು ತರಲು ಹೋದರೆ ಬಾಗಿಲಲ್ಲೇ ಡೇರೆ ಕುಂಡಗಳು. ಕೆಂಪು, ಹಳದಿ, ಅಂಗೈಯಗಲ. ಮಾಲಿಯನ್ನು ಕೇಳಿದೆ, ಇದನ್ನು ಯಾವಾಗ ನೆಟ್ಟಿರಿ? "ದಸರ‍್ಯಾನಂತರ್" ಎಂದ, ದಸರೆಯಾದ ಮೇಲೆ. ಎಷ್ಟು ಸಹಜವಾಗಿ ಹೇಳಿದನೆಂದರೆ, ನಾನು ಮುಂದೆ ಮಾತಾಡಲಿಲ್ಲ. ಭಾಯಖಳಾದ ರಾಣಿಬಾಗ್‌ನ ಪುಷ್ಪಪ್ರದರ್ಶನಕ್ಕೆ ಚಳಿಗಾಲದಲ್ಲಿ ಎಷ್ಟು ಸಲ ಹೋಗಿಲ್ಲ, ಅಲ್ಲಿ ಡೇರೆ ಎಷ್ಟು ಸಲ ನೋಡಿಲ್ಲ! ನೋಡಿದಾಗಲೆಲ್ಲ, ಇವು ಏನೋ ಔಷಧಿ ಹಾಕಿ ಅಕಾಲದಲ್ಲಿ ಬಿಡಿಸಿದ ಹೂ ಎಂದುಕೊಂಡು ಮೂಗು ಮುರಿದಿದ್ದೆ. ಡೇರೆ ಎಂದರೆ ಮಳೆಗಾಲದ್ದು, ಚೌತಿಗೆ ಆಗುವಂಥದ್ದು. ಅದು ತಲೆಯಲ್ಲಿ ಕಲ್ಲಿನ ಮೇಲೆ ಕೊರೆದ ಹಾಗಿತ್ತು.

ಡೇರೆಯ ಮೂಲ ಮೆಕ್ಸಿಕೋದ ಎತ್ತರದ ಬೆಟ್ಟಗಳು. ಅಲ್ಲಿ ಬೇಸಿಗೆಯೇ ಮಳೆಗಾಲ, ಅದೂ ತಂಪಾದ ಮಳೆಗಾಲ. ಚಳಿಗಾಲ ಒಣ. 1791ರಲ್ಲಿ ಮ್ಯಾಡ್ರಿಡ್‌ನಲ್ಲಿ ಅದಕ್ಕೆ ಸ್ವೀಡನ್ನಿನ ಸಸ್ಯಶಾಸ್ತ್ರಜ್ಞ ದಾಲ್ ಅವರ ಹೆಸರಿಟ್ಟರು. ಶಿರಸಿ ಇರುವುದು ಸುಮಾರು 600 ಮೀಟರ್ ಎತ್ತರದಲ್ಲಿ, ಘಟ್ಟದ ಮೇಲೆ. ಅಲ್ಲಿಯ ಜುಲೈಗೆ ಸ್ವೆಟರ್ ಬೇಕಾಗುತ್ತದೆ. ಆದ್ದರಿಂದ ಮೆಕ್ಸಿಕೋದ ಗಡ್ಡೆಗೆ ಶಿರಸಿಯ ಪಂಚಾಂಗ ತಕ್ಕಮಟ್ಟಿಗೆ ಹೊಂದಿತು. ಡೊಂಬಿವಲಿ ಇರುವುದು ಉಲ್ಹಾಸ್ ಖಾಡಿಯ ಮಗ್ಗುಲಲ್ಲಿ. ಇಲ್ಲಿಯ ಜುಲೈ ಎಂದರೆ ಬೆವರು, ಬೂಷ್ಟು, ಒಣಗದ ಬಟ್ಟೆ. ಮಳೆಯ ಪ್ರಮಾಣ ಎರಡೂ ಕಡೆ ದಂಡಿಯಾಗಿಯೇ ಇದೆ. ನನ್ನನ್ನು ಮೋಸಗೊಳಿಸಿದ್ದು ಅದೇ. ಮಳೆ ನೋಡಿದೆನೇ ಹೊರತು ರಾತ್ರಿಯ ಸೆಕೆ ನೋಡಲಿಲ್ಲ. ಡೇರೆಗೆ ಇಲ್ಲಿ ಎಚ್ಚರದ ಕಾಲ ಅಕ್ಟೋಬರಿನಿಂದ ಫೆಬ್ರವರಿ, ಮಲಗುವ ಕಾಲ ಏಪ್ರಿಲಿನಿಂದ ಸಪ್ಟೆಂಬರ್. ಒಟ್ಟಾವಾದವರು ಗಡ್ಡೆಯನ್ನು ಹಿಮದಿಂದ ದಾಟಿಸಿದರೆ ನಾನು ಮಳೆಯಿಂದ ದಾಟಿಸಬೇಕು. ಆಯಿಯಿಂದ ಇಟ್ಟುಕೊಳ್ಳಬೇಕಾಗಿದ್ದು ಅವಳ ಕೈಕೆಲಸ. ನಾನು ಇಟ್ಟುಕೊಂಡಿದ್ದು ಅವಳ ತಾರೀಕು.

ಗೊತ್ತಾಗುವುದು ಬೇರೆ, ಆಗುವುದು ಬೇರೆ. ಆ ವರ್ಷ ದಸರೆಯ ನಂತರ ನರ್ಸರಿಯಿಂದ ತಂದು ನೆಟ್ಟ ಡೇರೆ ಜನವರಿಯಲ್ಲಿ ಚೆನ್ನಾಗಿಯೇ ಹೂ ಬಿಟ್ಟಿತು. ಮಾರ್ಚಿನಲ್ಲಿ ಗಿಡ ಸೊರಗಿತು. ನಾನು ಬಾಲ್ಕನಿಯಲ್ಲಿ ಗಡ್ಡೆ ಕಿತ್ತು ಕವುಚಿಡುವ ಹೊತ್ತಿಗೆ ಲಾಕ್‌ಡೌನ್. ಒಣಗಿಸಿ, ಆಯಿಯ ಅಟ್ಟದ ನೆನಪಿನಲ್ಲಿ ಅಡಿಗೆಮನೆಯ ಮಾಳದ ಮೇಲಿಟ್ಟೆ. ಫ್ಲ್ಯಾಟಿನ ಮಾಳ ಅಟ್ಟವಲ್ಲ, ಮೇ ತಿಂಗಳಲ್ಲಿ ಅದು ಒಲೆ. ಗಡ್ಡೆ ಖಾರೀಕಿನಂತಾಯಿತು, ನೀರಿನಲ್ಲಿ ನೆನೆಹಾಕಿದರೂ ಏಳಲಿಲ್ಲ. ಮುಂದಿನ ವರ್ಷ ಹಾಗಾಗದಿರಲಿ ಎಂದು ಪ್ಲಾಸ್ಟಿಕ್ ಡಬ್ಬಿಯಲ್ಲಿ ಹಾಕಿ ಗಟ್ಟಿ ಮುಚ್ಚಳ ಮುಚ್ಚಿದೆ. ಜುಲೈಯಲ್ಲಿ ತೆಗೆದರೆ ಒಳಗೆ ಹತ್ತಿ ಬೆಳೆದಂತೆ ಬಿಳೀ ಬೂಷ್ಟು. ಗಡ್ಡೆಯೂ ಉಸಿರಾಡುತ್ತದೆ, ನಿದ್ದೆಯಲ್ಲೂ. ಆ ಉಸಿರಿನ ತೇವಕ್ಕೆ ಹೊರಗೆ ಹೋಗಲು ದಾರಿ ಬೇಕು.

ಮೂರನೆಯ ವರ್ಷ ಫ್ರಿಜ್. ಅದರ ಕಥೆಗೆ ಟ್ಯುಲಿಪ್ ಬಂದು ಸೇರಿಕೊಂಡಿತು. ಒಟ್ಟಾವಾದ ಹೂ ಬಾಲ್ಕನಿಯಲ್ಲಿ ಕಾಣುವ ಚಪಲ. ಮಗಳು, ಸೂಟ್‌ಕೇಸಿನಲ್ಲಿ ಕಳಿಸಲೇ ಎಂದಳು. ಬೇಡವೆಂದೆ. ಹೊರದೇಶದ ಗಡ್ಡೆ, ಬೀಜ ಏನೇ ತರುವುದಾದರೂ ರೋಗವಿಲ್ಲವೆಂಬ ಸರ್ಟಿಫಿಕೇಟು, ಪರವಾನಗಿ ಬೇಕು ಎಂದು ನಮ್ಮ ಸರ್ಕಾರದ 2003ರ ಸಸ್ಯ ಕ್ವಾರಂಟೈನ್ ಆದೇಶವಿದೆ. ಅಡಿಕೆಯ ಊರಿನಲ್ಲಿ ಹುಟ್ಟಿದವಳಿಗೆ ಒಂದು ರೋಗ ತೋಟಕ್ಕೆ ಹೊಕ್ಕರೆ ಏನಾಗುತ್ತದೆಂದು ಯಾರೂ ಹೇಳಬೇಕಾಗಿಲ್ಲ. ಇಲ್ಲಿಯೇ ಮಾರುವವರಿಂದ ನವೆಂಬರಿನಲ್ಲಿ ಇಪ್ಪತ್ತು ಗಡ್ಡೆ ತರಿಸಿ, ಫ್ರಿಜ್ಜಿನ ತರಕಾರಿ ಡಬ್ಬಿಯಲ್ಲಿ ಪೇಪರ್ ಚೀಲದಲ್ಲಿಟ್ಟೆ. ಚಳಿಗಾಲವಿಲ್ಲದ ಊರಿಗೆ ಫ್ರಿಜ್ಜೇ ಚಳಿಗಾಲ. ಪಕ್ಕದಲ್ಲಿ ನಮ್ಮನೆಯವರ ಸೇಬು. ದಿನಕ್ಕೊಂದು ತಿನ್ನಿ ಎಂದು ಯಾರೋ ಹೇಳಿದ್ದಾರೆ, ಡಬ್ಬಿಯಲ್ಲಿ ಸೇಬು ಖಾಲಿಯಾಗಿದ್ದೇ ಇಲ್ಲ.

ಎಂಟು ವಾರ ಕಳೆದಿರಬೇಕು. ಒಂದು ಬೆಳಿಗ್ಗೆ ಕೆಲಸಕ್ಕೆ ಬರುವ ಮಾವಶಿ ಪೋಹೆಗೆ ಈರುಳ್ಳಿ ಹೆಚ್ಚಲು ಕೂತವಳು ಒಳಗಿನಿಂದ ಕರೆದಳು. "ಕಾಕೂ, ಹಾ ಕಾಂದಾ ಆತೂನ್ ಸಡಲಾಯ್." ಈ ಈರುಳ್ಳಿ ಒಳಗೆ ಕೊಳೆತಿದೆ. ಹೋಗಿ ನೋಡಿದರೆ ಮಣೆಯ ಮೇಲೆ ಉದ್ದಕ್ಕೆ ಸೀಳಿದ ಟ್ಯುಲಿಪ್ ಗಡ್ಡೆ. ಬಾಣಲೆಗೆ ಬಿದ್ದಿರಲಿಲ್ಲ, ಪುಣ್ಯ. ಅದನ್ನು ತಿಂದರೆ ಹೊಟ್ಟೆ ಕೆಡುತ್ತದೆ. ಬಯ್ಯಲು ಬಾಯಿ ತೆರೆದವಳು ಆ ಹೋಳನ್ನು ಕೈಗೆತ್ತಿಕೊಂಡು ಸುಮ್ಮನಾದೆ. ಹೊರಗೆ ಕಂದು ಸಿಪ್ಪೆ. ಒಳಗೆ ಹಾಲುಬಣ್ಣದ ನಾಲ್ಕೈದು ದಪ್ಪ ಪದರ, ಒಂದರೊಳಗೊಂದು. ಅವುಗಳ ನಡುವೆ ಬುಡದಿಂದ ಎದ್ದ ಹಳದಿ ಹಸಿರಿನ ಚೂಪು ಮೊಳಕೆ, ಕಿರುಬೆರಳಿನ ಉಗುರಿನಷ್ಟು. ಅದರೊಳಗೆ, ಎಲ್ಲದರ ಮಧ್ಯದಲ್ಲಿ, ಸಾಸಿವೆಗಿಂತ ಸ್ವಲ್ಪ ದೊಡ್ಡದಾಗಿ ಮುದುರಿಕೊಂಡಿರುವ ಹೂ. ವಸಂತದಲ್ಲಿ ಅರಳಬೇಕಾದ ಹೂ ಶರತ್ಕಾಲಕ್ಕೇ ಪೂರ್ತಿಯಾಗಿ ತಯಾರಾಗಿ ಒಳಗೆ ಕೂತಿರುತ್ತದೆ ಎಂದು ಮಗಳು ಹೇಳಿದ್ದಳು, ನೋಡಿರಲಿಲ್ಲ. ಮಾವಶಿ ಹೇಳಿದ್ದು ಸರಿಯಿತ್ತು. ಉಳಿದದ್ದೆಲ್ಲ ಬೆಳ್ಳಗೆ, ಗಟ್ಟಿಯಾಗಿ, ಆರೋಗ್ಯವಾಗಿತ್ತು. ಆ ಒಂದು ಚುಕ್ಕೆ ಮಾತ್ರ ಕಂದಾಗಿ ಒಣಗಿಹೋಗಿತ್ತು.

ಸಂಜೆ ಫೋಟೋ ಕಳಿಸಿದೆ. ಮಗಳು ಕೇಳಿದ್ದು ಒಂದೇ ಮಾತು. "ಆಯಿ, ಪಕ್ಕ ಸೇಬು ಇತ್ತಾ?" ಹಣ್ಣಾಗುವಾಗ ಸೇಬು ಬಿಡುವ ಎಥಿಲೀನ್ ಗಾಳಿ ಗಡ್ಡೆಯೊಳಗಿನ ಮೊಗ್ಗನ್ನು ಸಾಯಿಸುತ್ತದೆ, ಹೊರಗೆ ಏನೂ ತೋರುವುದಿಲ್ಲ. ಬಾಳೆಗೊನೆ ಹಣ್ಣು ಮಾಡಲು ಮುಚ್ಚಿಡುವಾಗ ಆ ಗಾಳಿಯ ಕೆಲಸ ನೋಡುತ್ತಲೇ ಬೆಳೆದವಳು ನಾನು. ಸೇಬಿನ ಜೊತೆ ಗಡ್ಡೆ ಇಟ್ಟಾಗ ನೆನಪಾಗಲಿಲ್ಲ. ಉಳಿದ ಹತ್ತೊಂಬತ್ತನ್ನೂ ನೆಟ್ಟೆ, ಎಲೆ ಬಂದವು, ಹೂ ಇಲ್ಲ. ಮುಂದಿನ ಸಲ ಡಿಸೆಂಬರಿನಲ್ಲಿ, ಮೊದಲೇ ತಂಪು ಕೊಟ್ಟು ತಯಾರು ಮಾಡಿದ ಗಡ್ಡೆ ತರಿಸಿದೆ. ಜನವರಿ ಕೊನೆಗೆ ಆರು ಹೂ, ದಂಟು ಚೋಟುದ್ದ. ನಾಲ್ಕನೇ ದಿನ ಮಧ್ಯಾಹ್ನದ ಬಿಸಿಲಿಗೆ ಬಾಯಿಬಿಟ್ಟು ಉದುರಿದವು. ಹೂ ಹೋದ ಮೇಲೆ ಎಲೆ ಆರು ವಾರ ಹಸಿರಾಗಿದ್ದು ಗಡ್ಡೆಗೆ ಮುಂದಿನ ವರ್ಷದ ಊಟ ತುಂಬಬೇಕು. ಡೊಂಬಿವಲಿಯ ಮಾರ್ಚ್ ಅದಕ್ಕೆ ಬಿಡುವುದಿಲ್ಲ. ಇಲ್ಲಿ ಟ್ಯುಲಿಪ್ ಎಂದರೆ ಒಂದು ಸಲದ ಪಟಾಕಿ, ನನ್ನ ಮಟ್ಟಿಗೆ ದುಡ್ಡು ದಂಡ. ನೋಡಲೇಬೇಕೆಂದರೆ ಮಾರ್ಚ್ ಕೊನೆ, ಏಪ್ರಿಲಿನಲ್ಲಿ ಶ್ರೀನಗರಕ್ಕೆ ಹೋಗಬೇಕು. ಜಬರ್ವಾನ್ ಬೆಟ್ಟದ ಬುಡದಲ್ಲಿ ಟ್ಯುಲಿಪ್ ತೋಟವಿದೆ, ಲಕ್ಷಗಟ್ಟಲೆ ಗಡ್ಡೆ, ನಿಜವಾದ ಚಳಿಗಾಲ.

ಡೇರೆ ಗಡ್ಡೆಗಳು ಅದೇ ಫ್ರಿಜ್ಜಿನಲ್ಲಿ ಮಳೆಗಾಲ ಕಳೆದಿದ್ದವು, ಹನ್ನೊಂದರಲ್ಲಿ ಮೂರು ಉಳಿದವು. ಹಿಂದಿನ ಗೋಡೆಗೆ ತಾಗಿದ್ದವು ಹೆಪ್ಪುಗಟ್ಟಿ ಕೆಟ್ಟವು. ಆ ಮೂರೇ ನನ್ನ ಮೊದಲ ಗೆಲುವು. ಆದರೆ ಆರು ತಿಂಗಳು ಫ್ರಿಜ್ಜಿನ ಡಬ್ಬಿ ಬಿಟ್ಟುಕೊಡಲು ಮನೆಯಲ್ಲಿ ಯಾರೂ ಸಿದ್ಧರಿಲ್ಲ. ಈಗ ಮಾಡುತ್ತಿರುವುದು ಎಲ್ಲಕ್ಕಿಂತ ಸುಲಭದ್ದು, ಸುಳಿವು ಕೊಟ್ಟಿದ್ದು ಆ ಮಳೆ ಲಿಲ್ಲಿಯ ಡಬ್ಬಿ. ಮಾರ್ಚಿನಲ್ಲಿ ನೀರು ನಿಲ್ಲಿಸಿ, ಗಿಡ ತಾನಾಗಿ ಒಣಗಿದ ಮೇಲೆ ಕಾಂಡವನ್ನು ಮಣ್ಣಿನ ಮಟ್ಟಕ್ಕೆ ಕತ್ತರಿಸುತ್ತೇನೆ. ಗಡ್ಡೆ ಕೀಳುವುದೇ ಇಲ್ಲ. ಮಣ್ಣಿನ ಕುಂಡವನ್ನು, ಪ್ಲಾಸ್ಟಿಕ್ ಅಲ್ಲ, ಮಗ್ಗುಲಾಗಿ ಉರುಳಿಸಿ ಒಳಕೋಣೆಯ ಮಂಚದ ಕೆಳಗೆ ತಳ್ಳುತ್ತೇನೆ. ಮನೆಯಲ್ಲಿ ಅತಿ ತಂಪಿನ ಜಾಗ ಅದೇ, ಥರ್ಮಾಮೀಟರ್ ಇಟ್ಟು ನೋಡಿದ್ದೇನೆ. ಮಗ್ಗುಲಾಗಿದ್ದರೆ ಪೊಳ್ಳು ಕಾಂಡದಲ್ಲಿ ನೀರು ನಿಲ್ಲುವುದಿಲ್ಲ, ಯಾರೂ ಅಪ್ಪಿತಪ್ಪಿ ನೀರು ಹಾಕುವುದೂ ಇಲ್ಲ. ನಮ್ಮನೆಯವರು ಹಿಂದೆ ಎರಡು ಸಲ ಪಾಪ ಒಣಗಿದೆ ಎಂದು ಹಾಕಿದ್ದಾರೆ. ಜೇಡಿಮಣ್ಣಿನ ಕುಂಡ ತೇವ ಹೀರಿ ಬಿಡುತ್ತದೆ, ಸುತ್ತಲಿನ ಒಣ ಮಣ್ಣು ಗಡ್ಡೆಯನ್ನು ಸುಕ್ಕಾಗಲು ಬಿಡುವುದಿಲ್ಲ. ನಡುವೆ ತೆರೆದು ನೋಡಲು ಏನೂ ಇಲ್ಲದಿರುವುದೇ ದೊಡ್ಡ ಅನುಕೂಲ, ನನ್ನಂಥ ಕೈ ಸುಮ್ಮನಿರದವಳಿಗೆ. ಹಳೇ ಹಾಲಿನ ಲೆಕ್ಕದ ಡೈರಿಯಲ್ಲಿ ಬರೆದಿಟ್ಟಿದ್ದೇನೆ: ಮೊದಲ ವರ್ಷ ಏಳು ಕುಂಡಕ್ಕೆ ನಾಲ್ಕು, ಕಳೆದ ವರ್ಷ ಏಳಕ್ಕೆ ಐದು.

ಈ ಸಲ ಗಣಪತಿ ಮುಳುಗಿಸಿದ ಮೇಲೂ ಮೂರು ವಾರ ತಡೆದೆ. ಬಿಸಿಲು ಬಂದ ಒಂದು ಬೆಳಿಗ್ಗೆ ಮಂಚದ ಕೆಳಗಿಂದ ಕುಂಡ ಎಳೆದು ಬಾಲ್ಕನಿಯಲ್ಲಿ ಪೇಪರ್ ಹಾಸಿ ಸುರುವಿದೆ. ಐದನೇ ಕುಂಡದ ಗೊಂಚಲಿನಲ್ಲಿ, ಹಳೇ ಕಾಂಡದ ಬುಡಕ್ಕೆ, ಒಂದರ ಪಕ್ಕ ಒಂದು ಎರಡು ಕಣ್ಣು ಉಬ್ಬಿದ್ದವು, ಎಳೆ ಗುಲಾಬಿ, ಅಕ್ಕಿ ಕಾಳಿನಷ್ಟು. ಮೇಲಿನ ಮಹಡಿಯ ಜೋಶಿ ಕಾಕೂ ಮೆಟ್ಟಿಲಿಳಿಯುತ್ತ ನಿಂತು ಒಂದು ಗಡ್ಡೆ ಕೇಳಿದರು. ಚಾಕು ತಂದು, ಬುಡದ ಚೂರು ಸೇರಿಸಿ, ಕಣ್ಣಿರುವ ಬೆರಳನ್ನೇ ಕೊಯ್ದುಕೊಟ್ಟೆ. ಕೊಯ್ದ ಗಾಯಕ್ಕೆ ಬೂದಿ ಹಚ್ಚಬೇಕಿತ್ತು, ಮನೆಯಲ್ಲಿ ಬೂದಿಯೆಲ್ಲಿ, ದೇವರ ಮುಂದಿನ ಊದುಬತ್ತಿಯದ್ದನ್ನು ಬಳಿದೆ. ಅವರು ಅದನ್ನು ತಿರುಗಿಸಿ ಮುರುಗಿಸಿ ನೋಡಿ, ಇದರಲ್ಲಿ ಜೀವ ಇದೆಯೇ ಎಂದು ಕೇಳಿದರು. ಇದೆ, ಇವತ್ತೇ ನೆಡಬೇಡಿ, ದಸರೆಯಾಗಲಿ ಎಂದೆ.